ಅಕ್ಕನ ಮಗಳನ್ನು ಟಿವಿಗೆ ಕರೆದಿದ್ದಾರೆ. ಹಾಡಿಗಿಂತ ಜಾಸ್ತಿ ನಮ್ಮ ಮನೆ ಕಥೆ ಕೇಳುತ್ತಿದ್ದಾರೆ. ಏನು ಮಾಡೋಣ?

ಅರಸೀಕೆರೆ ಚಿಕ್ಕಮ್ಮ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ನನ್ನ ಅಕ್ಕನ ಮಗಳಿಗೆ 12 ವರ್ಷ. ಊರಿನ ಭಜನೆ ಮನೆಯಲ್ಲಿ ಹಾಡುತ್ತಾ ಬೆಳೆದವಳು. ದಾಸರ ಪದ, ಸೋಬಾನೆ ಪದ ಎರಡೂ ಬರುತ್ತೆ. ಒಂದು ಚಾನೆಲ್‌ನ ಮಕ್ಕಳ ಹಾಡಿನ ಕಾರ್ಯಕ್ರಮಕ್ಕೆ ಆಡಿಷನ್ ಕೊಟ್ಟಿದ್ದಳು. ಮೂರು ಸುತ್ತು ದಾಟಿದಳು. ಮನೆಯಲ್ಲಿ ಹಬ್ಬದ ಹಾಗೆ ಆಗಿತ್ತು.

ಹೋದ ವಾರ ಅವರ ತಂಡ ಮನೆಗೆ ಬಂತು. ಹಾಡುವ ಮುಂಚೆ ತೋರಿಸುತ್ತಾರಲ್ಲ, ಊರು, ಮನೆ, ಅಪ್ಪ ಅಮ್ಮ, ಅದನ್ನು ಶೂಟ್ ಮಾಡಲು. ಭಾವ ತೀರಿಹೋಗಿ 4 ವರ್ಷ ಆಯ್ತು. ಅಕ್ಕ ಮನೆಯಲ್ಲೇ ಬಟ್ಟೆ ಹೊಲಿಯುತ್ತಾಳೆ. ದೊಡ್ಡ ಮನೆಯೇನಲ್ಲ, ಆದರೆ ಯಾರ ಹತ್ತಿರವೂ ಕೈಚಾಚಿದವಳಲ್ಲ. ಬಂದವರು ಅಡುಗೆಮನೆ ನೋಡಿ, "ಗ್ಯಾಸ್ ಒಲೆ ಬೇಡ, ಹಿತ್ತಲಲ್ಲಿ ಮೂರು ಕಲ್ಲಿಟ್ಟು ಸೌದೆ ಒಲೆ ಹಚ್ಚಿ" ಅಂದರು. ಹೊಲಿಗೆ ಯಂತ್ರಕ್ಕೆ ಮೋಟಾರ್ ಹಾಕಿಸಿದ್ದಾಳೆ. ಅದನ್ನು ಬಿಚ್ಚಿ ಕಾಲಲ್ಲಿ ತುಳಿಯಿರಿ ಅಂದರು. ಅಕ್ಕ ಏನೂ ಹೇಳಲಾರದೆ ಮಾಡಿದಳು. ಮಗಳ ಅವಕಾಶ ಹೋಗಿಬಿಟ್ಟರೆ ಅನ್ನುವ ಭಯ.

ಆಮೇಲೆ ಮಗುವನ್ನು ಭಾವನ ಫೋಟೋ ಮುಂದೆ ನಿಲ್ಲಿಸಿದರು. "ಅಪ್ಪ ಇವತ್ತು ಇದ್ದಿದ್ದರೆ ಏನು ಹೇಳುತ್ತಿದ್ದರು ಪುಟ್ಟಿ?" ಅಂತ ಕೇಳಿದರು. ಅವಳು "ಚೆನ್ನಾಗಿ ಹಾಡು ಅಂತಿದ್ರು" ಅಂದಳು. ಇನ್ನೊಂದು ಸಲ ಕೇಳಿದರು. ಮೂರನೇ ಸಲಕ್ಕೆ ಅತ್ತಳು. ಆಗ ಕ್ಯಾಮೆರಾ ಆಫ್ ಮಾಡಿದರು.

ಅವತ್ತು ರಾತ್ರಿ ಪಕ್ಕದಲ್ಲಿ ಮಲಗಿದ್ದವಳು ನನ್ನನ್ನು ಕೇಳಿದಳು. "ಚಿಕ್ಕಮ್ಮ, ನಾನು ಫಸ್ಟೇ ಅಳಲಿಲ್ಲ ಅಂತ ಅವರಿಗೆ ಬೇಜಾರಾಯ್ತಾ?"

ಅವತ್ತಿನಿಂದ ನನಗೆ ನಿದ್ದೆ ಇಲ್ಲ. ಮುಂದಿನ ತಿಂಗಳು ಬೆಂಗಳೂರಿಗೆ ಕರೆದಿದ್ದಾರೆ. ಇಂಗ್ಲಿಷ್‌ನಲ್ಲಿ ದಪ್ಪ ಒಂದು ಒಪ್ಪಂದ ಕಳಿಸಿದ್ದಾರೆ. ಕಳಿಸಬೇಕಾ, ಬೇಡವಾ? ಕಳಿಸಿದರೆ ನಾವು ಏನು ಕೇಳಬಹುದು, ಏನು ಬೇಡ ಅನ್ನಬಹುದು? ಇಂಥ ಕಾರ್ಯಕ್ರಮದಲ್ಲಿ ಭಾಗವಹಿಸಿದವರು, ಅಲ್ಲಿ ಕೆಲಸ ಮಾಡಿದವರು ಇಲ್ಲಿ ಇದ್ದರೆ ಹೇಳಿ.

ರಸಪ್ರಶ್ನೆ ಮೇಷ್ಟ್ರು

ಅಮ್ಮಾ, ಮಗು ಕೇಳಿದ ಪ್ರಶ್ನೆ ಓದಿ ನನಗೂ ಕಷ್ಟವಾಯಿತು.

ನನ್ನ ಅನುಭವ ಪೂರ್ತಿ ಬೇರೆ. ಚಂದನದ 'ಥಟ್ ಅಂತ ಹೇಳಿ' ರಸಪ್ರಶ್ನೆಯಲ್ಲಿ ಭಾಗವಹಿಸಿದ್ದೆ. 2002ರ ಜನವರಿಯಲ್ಲಿ ಶುರುವಾದ ಕಾರ್ಯಕ್ರಮ ಅದು. ಜೆ.ಸಿ. ನಗರದ ದೂರದರ್ಶನ ಕೇಂದ್ರದಲ್ಲಿ ಶೂಟಿಂಗ್. ಡಾ. ನಾ. ಸೋಮೇಶ್ವರ ಅವರು ಊರು ಕೇಳಿದರು, ಕೆಲಸ ಕೇಳಿದರು. ಅಷ್ಟೇ. ಆಮೇಲೆ ಪ್ರಶ್ನೆ. ಸರಿ ಉತ್ತರ ಹೇಳಿದರೆ ಪುಸ್ತಕ. ನನಗೆ ಬಂದ ಪುಸ್ತಕಗಳು ಇವತ್ತಿಗೂ ಶಾಲೆಯ ಬೀರುವಿನಲ್ಲಿವೆ, ಮಕ್ಕಳು ಓದುತ್ತಾರೆ. ನನ್ನ ಸಂಬಳ ಎಷ್ಟು, ಮನೆಯಲ್ಲಿ ಯಾರು ಸತ್ತಿದ್ದಾರೆ ಅಂತ ಯಾರೂ ಕೇಳಲಿಲ್ಲ.

ಇದನ್ನು ಯಾಕೆ ಹೇಳುತ್ತೇನೆ ಅಂದರೆ, ಸಾಮಾನ್ಯರು ಟಿವಿಯಲ್ಲಿ ತಾವಾಗಿಯೇ ಕಾಣಿಸಿಕೊಂಡು, ಮರ್ಯಾದೆಯಿಂದ ಮನೆಗೆ ಬರಬಹುದು. ಅಂಥ ಕಾರ್ಯಕ್ರಮ ನಮ್ಮ ಕನ್ನಡದಲ್ಲೇ 20 ವರ್ಷಕ್ಕೂ ಜಾಸ್ತಿ ನಡೆದಿದೆ. ಕಣ್ಣೀರಿಲ್ಲದೆ ಟಿವಿ ನಡೆಯುವುದಿಲ್ಲ ಅಂತ ಯಾರಾದರೂ ಹೇಳಿದರೆ ನಂಬಬೇಡಿ.

ಎಡಿಟಿಂಗ್ ಟೇಬಲ್

ಅಕ್ಕ, ನಾನು 6 ವರ್ಷ ರಿಯಾಲಿಟಿ ಶೋಗಳಲ್ಲಿ ಎಡಿಟರ್ ಆಗಿದ್ದೆ. ಯಾವ ಚಾನೆಲ್ ಅಂತ ಹೇಳುವುದಿಲ್ಲ. ಈಗ ಬಿಟ್ಟಿದ್ದೇನೆ. ನಿಮಗೆ ಒಳಗಿನ ಕೆಲಸ ಗೊತ್ತಿರಲಿ ಅಂತ ಬರೆಯುತ್ತಿದ್ದೇನೆ.

ನಿಮ್ಮ ಮನೆಯಲ್ಲಿ ಶೂಟ್ ಮಾಡಿದ್ದನ್ನು ನಾವು 'ವಿಟಿ' ಅನ್ನುತ್ತೇವೆ. ಎರಡು ಮೂರು ನಿಮಿಷದ ತುಣುಕು. ಹಾಡಿಗೆ ಮೊದಲು ಅದು ಬರುತ್ತೆ. ಯಾಕೆ ಬೇಕು ಅಂದರೆ, ರಿಮೋಟ್ ಹಿಡಿದು ಕೂತವರಿಗೆ ಒಳ್ಳೆ ಕಂಠ ಮತ್ತು ಬಹಳ ಒಳ್ಳೆ ಕಂಠದ ನಡುವಿನ ವ್ಯತ್ಯಾಸ ಅಷ್ಟು ಬೇಗ ತಿಳಿಯುವುದಿಲ್ಲ. ಕಥೆ ತಿಳಿಯುತ್ತೆ. ಅಪ್ಪ ಇಲ್ಲದ ಮಗು ಅಂದ ತಕ್ಷಣ ಕೈ ನಿಲ್ಲುತ್ತೆ. ಗುರುವಾರ ರೇಟಿಂಗ್ ಬಂದಾಗ ಯಾವ ನಿಮಿಷದಲ್ಲಿ ಜನ ನಿಂತರು, ಯಾವಾಗ ಹೋದರು ಅಂತ ಮೇಲಿನವರು ನೋಡುತ್ತಾರೆ. ಮುಂದಿನ ವಾರ ಅಂಥದ್ದೇ ಇನ್ನೊಂದು ತನ್ನಿ ಅನ್ನುತ್ತಾರೆ. ನಿಮ್ಮ ಮನೆಗೆ ಬಂದಿದ್ದು ಬಹುಶಃ ಇಪ್ಪತ್ತೆರಡು, ಇಪ್ಪತ್ಮೂರು ವಯಸ್ಸಿನ ಹುಡುಗರು ಇರಬೇಕು. ಬರಿಗೈಯಲ್ಲಿ ಹೋದರೆ ಅವರಿಗೂ ಬೈಗುಳ. ಅದಕ್ಕೆ ಅವರು ಮಾಡಿದ್ದು ಸರಿ ಅಂತ ನಾನು ಹೇಳುತ್ತಿಲ್ಲ.

ನಾನೂ ಮಾಡಿದ್ದೇನೆ. ಒಬ್ಬ ಹುಡುಗ ಮನೆಯಲ್ಲಿ ಅತ್ತಿದ್ದನ್ನು ತಂದು, ವೇದಿಕೆ ಮೇಲೆ ಜಡ್ಜ್ ಮಾತಾಡುವಾಗ ಜೋಡಿಸಿದ್ದೇನೆ. ಜಡ್ಜ್ ಕಣ್ಣೊರೆಸಿಕೊಂಡಿದ್ದು ಬೇರೆ ಯಾರದೋ ಹಾಡಿಗೆ. ಅದನ್ನು ತಂದು ಇಲ್ಲಿ ಹಾಕಿದ್ದೇನೆ. ಕೆಳಗೆ ಕೊಳಲು ಸೇರಿಸಿದರೆ ನೋಡುವವರಿಗೆ ಎಲ್ಲವೂ ಒಂದೇ ಹೊತ್ತಿನಲ್ಲಿ ನಡೆದ ಹಾಗೆ ಕಾಣುತ್ತೆ. ಆ ಹುಡುಗನ ಅಮ್ಮ ಒಂದು ದಿನ ಸ್ಟುಡಿಯೋದಲ್ಲಿ ಸಿಕ್ಕಿ, "ನಮ್ಮ ಯಜಮಾನರು ಕುಡಿಯುತ್ತಾರೆ ಅಂತ ಹೇಳಿದ್ದೆ, ಬಿಟ್ಟು 2 ವರ್ಷ ಆಯ್ತು ಅಂತಲೂ ಹೇಳಿದ್ದೆ. ಎರಡನೇದು ಯಾಕೆ ಬರಲಿಲ್ಲ ಸರ್?" ಅಂದರು. ನನ್ನ ಹತ್ತಿರ ಉತ್ತರ ಇರಲಿಲ್ಲ.

ಒಂದೇ ಒಂದು ಮಾತು ನೆನಪಿಡಿ. ಕ್ಯಾಮೆರಾಕ್ಕೆ ಕೊಟ್ಟಿದ್ದು ಮತ್ತೆ ನಿಮ್ಮ ಕೈಗೆ ಬರುವುದಿಲ್ಲ. ಕೊಡದೇ ಇದ್ದದ್ದನ್ನು ಎಂಥ ಎಡಿಟರ್ ಬಂದರೂ ಹಾಕಲಾರ. ಯಾವ ವಿಷಯ ಮಾತಾಡುವುದಿಲ್ಲ ಅಂತ ಶೂಟಿಂಗ್‌ಗೆ ಮುಂಚೆಯೇ ಮನೆಯವರೆಲ್ಲ ಕೂತು ತೀರ್ಮಾನ ಮಾಡಿ. ಅಲ್ಲಿ ಹೋದ ಮೇಲೆ ಬಿಸಿ ದೀಪದ ಕೆಳಗೆ ತೀರ್ಮಾನ ಮಾಡಲು ಆಗಲ್ಲ.

ಸವಣೂರು ಎಲೆ

ನಾ ಸ್ವಲ್ಪ ಬೇರೆ ಮಾತು ಹೇಳುತ್ತೇನೆ, ಬೇಜಾರಾಗಬೇಡಿ ಅಕ್ಕಾರ.

ನಮ್ಮ ತಾಲ್ಲೂಕಿನ ಚಿಲ್ಲೂರ ಬಡ್ನಿಯ ಹನುಮಂತ. ಕುರಿ ಕಾಯುತ್ತಾ ಹಾಡುತ್ತಿದ್ದ ಹುಡುಗ. ಜೀ ಕನ್ನಡದ 'ಸರಿಗಮಪ' 15ನೇ ಸೀಸನ್‌ಗೆ ಹೋದ. ಲುಂಗಿ, ಹೆಗಲ ಮೇಲೆ ಟವಲ್. 2019ರಲ್ಲಿ ಎರಡನೇ ಸ್ಥಾನಕ್ಕೆ ಬಂದ. ಅಲ್ಲಿಗೆ ಮುಗೀತು ಅಂದುಕೊಂಡಿದ್ದೆವು. 2024ರಲ್ಲಿ ಬಿಗ್ ಬಾಸ್ 11ಕ್ಕೆ ಮಧ್ಯದಲ್ಲಿ ವೈಲ್ಡ್ ಕಾರ್ಡ್ ಆಗಿ ಹೋಗಿ, 2025ರ ಜನವರಿಯಲ್ಲಿ ಗೆದ್ದೇ ಬಂದ. 50 ಲಕ್ಷ. ನಮ್ಮ ಕಡೆ ಅವತ್ತು ರಾತ್ರಿ ಪಟಾಕಿ ಹೊಡೆದದ್ದು ನೋಡಬೇಕಿತ್ತು.

ಬಡತನ ತೋರಿಸಿದರೆ ತಪ್ಪು ಏನು? ಅವನು ಕುರಿ ಕಾಯುತ್ತಿದ್ದದ್ದು ಖರೇ. ಅದನ್ನು ತೋರಿಸಿದರು. ಅದರಿಂದ ನಮ್ಮ ಲಂಬಾಣಿ ತಾಂಡಾದ ಹುಡುಗರಿಗೆಲ್ಲ ಧೈರ್ಯ ಬಂತು, ನಾವೂ ಹೋಗಬಹುದು ಅಂತ. ಕಥೆ ತೋರಿಸಬೇಡಿ ಅಂದರೆ ನಮ್ಮಂಥವರ ಮುಖ ಟಿವಿಯಲ್ಲಿ ಎಲ್ಲಿಂದ ಬರಬೇಕು? ಆಗ ಬೆಂಗಳೂರು, ಮೈಸೂರಿನಲ್ಲಿ ಸಂಗೀತ ಕಲಿತವರದೇ ಹಾಡು ಆಗುತ್ತೆ.

ಅರಸೀಕೆರೆ ಚಿಕ್ಕಮ್ಮ

ಅಣ್ಣ, ಬೇಜಾರು ಯಾಕೆ? ನಿಮ್ಮ ಮಾತಲ್ಲಿ ಸತ್ಯ ಇದೆ. ಹನುಮಂತ ಗೆದ್ದ ದಿನ ನಮ್ಮ ಮನೆಯಲ್ಲೂ ಕುಣಿದಿದ್ದಾರೆ. ನನ್ನ ಸಂಕಟ ಬಡತನ ತೋರಿಸಿದ್ದಕ್ಕಲ್ಲ. ಹನುಮಂತನ ಕುರಿ ನಿಜವಾದ ಕುರಿ. ನಮ್ಮ ಅಕ್ಕನ ಸೌದೆ ಒಲೆ ಅವತ್ತು ಮಧ್ಯಾಹ್ನ ಹುಟ್ಟಿದ್ದು. ಅವಳು ಒಂದೊಂದು ರವಿಕೆಗೂ ಬೆನ್ನು ಬಗ್ಗಿಸಿ ದುಡಿದು ಆ ಗ್ಯಾಸ್ ತಂದಳು, ಆ ಮೋಟಾರ್ ಹಾಕಿಸಿದಳು. ಅವಳ ಬದುಕಿನಲ್ಲಿ ಹೆಮ್ಮೆ ಪಡುವಂಥದ್ದು ಅದೇ. ಅದನ್ನೇ ಮುಚ್ಚಿಡಿ ಅಂದರು.

ಸವಣೂರು ಎಲೆ

ಇದು ನನಗೆ ತಿಳಿದಿರಲಿಲ್ಲ. ನೀವು ಹೇಳುವುದು ಬರೋಬ್ಬರಿ ಅದ. ಮೋಟಾರ್ ಹಾಕಿದ ಯಂತ್ರನೇ ತೋರಿಸಬೇಕಿತ್ತು.

ಕಬಿನಿ ದಂಡೆ

ಈ ಚರ್ಚೆಯಲ್ಲಿ ರಾಜೇಶನನ್ನು ನೆನಪು ಮಾಡಿಕೊಳ್ಳದೆ ಇರಲು ನನಗೆ ಆಗುವುದಿಲ್ಲ. ನಮ್ಮ ಎಚ್.ಡಿ. ಕೋಟೆ ಕಡೆಯ ಬಳ್ಳೆ ಅನ್ನುವ ಆದಿವಾಸಿ ಹಾಡಿಯ ಹುಡುಗ. ಸುವರ್ಣ ವಾಹಿನಿಯ 'ಹಳ್ಳಿ ಹೈದ ಪ್ಯಾಟೇಗ್ ಬಂದ' ಕಾರ್ಯಕ್ರಮ ಗೆದ್ದವನು. ಕಾಡಿನ ಹುಡುಗ ಪೇಟೆ ಹುಡುಗಿಯರ ಜೊತೆ ಹೇಗೆ ನಡೆದುಕೊಳ್ಳುತ್ತಾನೆ ಅನ್ನುವುದೇ ಆ ಕಾರ್ಯಕ್ರಮದ ಆಟ. ಅವನ ಮುಗ್ಧತೆ ನೋಡಿ ಇಡೀ ಕರ್ನಾಟಕ ನಕ್ಕಿತು, ಪ್ರೀತಿಸಿತು ಕೂಡ. ಸಿನಿಮಾದಲ್ಲೂ ನಟಿಸಿದ. 2013ರ ನವೆಂಬರ್‌ನಲ್ಲಿ ಮೈಸೂರಿನಲ್ಲಿ ತೀರಿಕೊಂಡ. ಇನ್ನೂ ಚಿಕ್ಕ ವಯಸ್ಸು.

ಅವನ ಸಾವಿಗೆ ಇದೇ ಕಾರಣ ಅಂತ ಬೆರಳು ತೋರಿಸುವ ಹಕ್ಕು ನನಗಿಲ್ಲ. ಆದರೆ ಹಾಡಿಯಿಂದ ಕರೆತಂದು, ಒಂದೆರಡು ತಿಂಗಳಲ್ಲಿ ಇಡೀ ರಾಜ್ಯಕ್ಕೆ ಗೊತ್ತಾಗುವ ಹಾಗೆ ಮಾಡಿದ ಮೇಲೆ, ಆ ಹುಡುಗನ ಜೊತೆ ಕೂತು ಮಾತಾಡಲು ಯಾರು ಇರಬೇಕಿತ್ತು? ಶೋ ಮುಗಿಯುತ್ತೆ, ಸೆಟ್ ಬಿಚ್ಚುತ್ತಾರೆ. ಆ ಮನುಷ್ಯ ಮಾತ್ರ ಅದೇ ಮುಖ ಇಟ್ಟುಕೊಂಡು ಬೀದಿಯಲ್ಲಿ ಓಡಾಡಬೇಕು. ಜನ ಅವನಲ್ಲಿ ಟಿವಿಯ ರಾಜೇಶನನ್ನೇ ಹುಡುಕುತ್ತಾರೆ.

ಲೆಸ್ಟರ್ ಕನ್ನಡಿಗ

ಕಬಿನಿ ದಂಡೆಯವರು ಕೇಳಿದ ಪ್ರಶ್ನೆಯನ್ನೇ ಇಲ್ಲಿ ಇಂಗ್ಲೆಂಡಿನವರು ಬಹಳ ತಡವಾಗಿ ಕೇಳಿಕೊಂಡರು.

ಜೇಡ್ ಗುಡಿ ನೆನಪಿದೆಯಾ? ನಮ್ಮ ಬಿಗ್ ಬಾಸ್‌ಗೆ ಮೂಲವಾದ 'ಬಿಗ್ ಬ್ರದರ್'ನಿಂದ 2002ರಲ್ಲಿ ಇಲ್ಲಿ ಹೆಸರಾದ ಹುಡುಗಿ. ಹಲ್ಲಿನ ಡಾಕ್ಟರ ಹತ್ತಿರ ನರ್ಸ್ ಆಗಿದ್ದವಳು. 2007ರಲ್ಲಿ ಸೆಲೆಬ್ರಿಟಿ ಬಿಗ್ ಬ್ರದರ್‌ನಲ್ಲಿ ನಮ್ಮ ಮಂಗಳೂರು ಮೂಲದ ಶಿಲ್ಪಾ ಶೆಟ್ಟಿಗೆ ಕೆಟ್ಟದಾಗಿ ಮಾತಾಡಿ ದೊಡ್ಡ ಗಲಾಟೆ ಆಯಿತು. ದೂರುಗಳ ಸಂಖ್ಯೆ 40,000 ದಾಟಿತ್ತು. ಆಕೆ ಮಾತಾಡಿದ್ದು ತಪ್ಪೇ. ಶಿಲ್ಪಾ ಘನತೆಯಿಂದ ಗೆದ್ದರು. ಮರುವರ್ಷ ಜೇಡ್ ಹಿಂದಿಯ ಬಿಗ್ ಬಾಸ್ 2ಕ್ಕೆ ಬಂದಳು, ಅದರ ನಿರೂಪಕಿ ಶಿಲ್ಪಾ ಅವರೇ. ಆ ಮನೆಯೊಳಗೆ ಇದ್ದಾಗಲೇ ಆಕೆಗೆ ಕ್ಯಾನ್ಸರ್ ಇರುವ ಸುದ್ದಿ ತಿಳಿಯಿತು. 2009ರ ಮಾರ್ಚ್‌ನಲ್ಲಿ ತೀರಿಕೊಂಡಳು. 27 ವರ್ಷ. ಇಬ್ಬರು ಚಿಕ್ಕ ಗಂಡುಮಕ್ಕಳು. ಸಾಯುವ ದಿನಗಳನ್ನೂ ಟಿವಿಯಲ್ಲಿ ತೋರಿಸಲು ಒಪ್ಪಿದಳು. ಮಕ್ಕಳ ಓದಿಗೆ ದುಡ್ಡು ಬೇಕು ಅಂತ ಅವಳೇ ಹೇಳಿದ್ದಳು. ತಾನು ತಾನಾಗಿ ಕಾಣಿಸಿಕೊಳ್ಳುವುದೇ ಅವಳ ಹೊಟ್ಟೆಪಾಡು ಆಗಿಬಿಟ್ಟಿತ್ತು. ಅದನ್ನು ನೆನೆದರೆ ನನಗೆ ಇವತ್ತಿಗೂ ಹೊಟ್ಟೆ ಕಲಕುತ್ತೆ.

ಆಮೇಲೆ 2019ರಲ್ಲಿ ಐಟಿವಿಯ ಜೆರೆಮಿ ಕೈಲ್ ಕಾರ್ಯಕ್ರಮ. ಮನೆ ಜಗಳಗಳನ್ನು ವೇದಿಕೆ ಮೇಲೆ ಬಿಡಿಸುವ ಕಾರ್ಯಕ್ರಮ, ನಮ್ಮ ಕನ್ನಡದಲ್ಲೂ ಅಂಥವು ಬಂದಿವೆಯಲ್ಲ. ಅದರಲ್ಲಿ ಭಾಗವಹಿಸಿದ ಒಬ್ಬರು ಕೆಲವೇ ದಿನಗಳಲ್ಲಿ ತೀರಿಕೊಂಡರು. ಕಾರ್ಯಕ್ರಮವನ್ನೇ ನಿಲ್ಲಿಸಿದರು. ಇಲ್ಲಿನ ಪ್ರಸಾರ ನಿಯಂತ್ರಕ ಸಂಸ್ಥೆ ಆಫ್‌ಕಾಮ್ 2021ರ ಏಪ್ರಿಲ್‌ನಿಂದ ಹೊಸ ನಿಯಮ ತಂದಿತು. ಭಾಗವಹಿಸುವುದರಿಂದ ಆ ವ್ಯಕ್ತಿಗೆ ತೊಂದರೆ ಆಗಬಹುದು ಅನ್ನಿಸಿದರೆ ಚಾನೆಲ್ ಅವರ ಬಗ್ಗೆ ಸರಿಯಾದ ಕಾಳಜಿ ವಹಿಸಲೇಬೇಕು. ಪ್ರಸಾರದಿಂದ ಏನೇನು ಆಗಬಹುದು ಅನ್ನುವುದನ್ನೂ ಮುಂಚೆಯೇ ತಿಳಿಸಬೇಕು.

ವಕೀಲರ ಕಟ್ಟೆ

ತಂಗಿ, ನಿಮ್ಮ ಪ್ರಶ್ನೆಗೆ ನೇರವಾಗಿ ಬರುತ್ತೇನೆ. ಮಗುವಿಗೆ 12 ವರ್ಷ ಅಂದಿರಿ. ಹಾಗಾಗಿ ನಿಮ್ಮ ಕೈಯಲ್ಲಿ ನೀವು ಅಂದುಕೊಂಡಿದ್ದಕ್ಕಿಂತ ಜಾಸ್ತಿ ಬಲ ಇದೆ.

ಬಾಲಕಾರ್ಮಿಕ ಕಾಯ್ದೆಗೆ 2016ರಲ್ಲಿ ತಿದ್ದುಪಡಿ ಆಯಿತು, 2017ರಲ್ಲಿ ನಿಯಮ ಬಂತು. 14 ವರ್ಷದ ಒಳಗಿನ ಮಗು ಟಿವಿಯಲ್ಲಿ ಕಲಾವಿದೆಯಾಗಿ ಭಾಗವಹಿಸಬಹುದು, ಆದರೆ ಷರತ್ತು ಇದೆ. ದಿನಕ್ಕೆ 5 ಗಂಟೆ ಮೀರುವ ಹಾಗಿಲ್ಲ. 3 ಗಂಟೆಗಿಂತ ಜಾಸ್ತಿ ಬಿಡುವಿಲ್ಲದೆ ಕೆಲಸ ಮಾಡಿಸುವ ಹಾಗಿಲ್ಲ. ಜಿಲ್ಲಾ ಮ್ಯಾಜಿಸ್ಟ್ರೇಟರ ಅನುಮತಿಯನ್ನು ಕಾರ್ಯಕ್ರಮದವರು ತೆಗೆದುಕೊಳ್ಳಬೇಕು, ಅಂದರೆ ನಮ್ಮ ಮಾತಲ್ಲಿ ಡಿಸಿ ಅವರದು. ಮಗುವಿಗೆ ಹಣ ಬಂದರೆ ಅದರಲ್ಲಿ ಕನಿಷ್ಠ 20% ಮಗುವಿನ ಹೆಸರಿನಲ್ಲಿ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಠೇವಣಿ ಇಡಬೇಕು. ಶಾಲೆ ತಪ್ಪಬಾರದು. ಮಗುವಿನ ಇಷ್ಟಕ್ಕೆ ವಿರುದ್ಧವಾಗಿ ಏನನ್ನೂ ಮಾಡಿಸಬಾರದು ಅಂತಲೂ ನಿಯಮದಲ್ಲಿದೆ. ಅಳು ಬರುವ ತನಕ ಅದೇ ಪ್ರಶ್ನೆ ಕೇಳಿದ್ದನ್ನು ಈ ಮಾತಿನ ಪಕ್ಕದಲ್ಲಿಟ್ಟು ಅವರಿಗೆ ಬರೆಯಿರಿ.

ಒಪ್ಪಂದದ ವಿಷಯ. ಇಂಥವನ್ನು ನಾನು ಕೆಲವು ನೋಡಿದ್ದೇನೆ. ಸಾಮಾನ್ಯವಾಗಿ ಹೇಗೆ ಬೇಕಾದರೂ ಎಡಿಟ್ ಮಾಡುವ ಹಕ್ಕು, ಹೆಸರು, ಮುಖ, ದನಿಯನ್ನು ಎಲ್ಲ ಮಾಧ್ಯಮದಲ್ಲೂ ಬಳಸುವ ಹಕ್ಕು, ಇಷ್ಟು ತಿಂಗಳು ಬೇರೆ ಕಡೆ ಹಾಡಬಾರದು ಅನ್ನುವ ಕಟ್ಟು, ಹೊರಗೆ ಏನೂ ಹೇಳಬಾರದು ಅನ್ನುವ ಷರತ್ತು ಇರುತ್ತೆ. ಕೊನೆಯ ಎರಡನ್ನು ಬಹಳ ಜಾಗ್ರತೆಯಿಂದ ಓದಿಸಿ. ಊರ ಭಜನೆಯಲ್ಲಿ ಹಾಡುವುದಕ್ಕೂ ಅಡ್ಡಿ ಬರಬಾರದು ಅಲ್ವಾ? ಅದನ್ನು ಬರವಣಿಗೆಯಲ್ಲಿ ಬಿಡಿಸಿಕೊಳ್ಳಿ. ಅಕ್ಕನಿಗೆ ಇಂಗ್ಲಿಷ್ ಓದಲು ಕಷ್ಟ ಅಂದರೆ ಕನ್ನಡದಲ್ಲಿ ಕೊಡಿ ಅಂತ ಕೇಳಿ. ಕೇಳಿದ್ದಕ್ಕೆ ಯಾರೂ ಅವಕಾಶ ಕಿತ್ತುಕೊಳ್ಳುವುದಿಲ್ಲ. ಕಿತ್ತುಕೊಂಡರೆ ಅಂಥ ಕಡೆ ಮಗು ಹೋಗದಿರುವುದೇ ಒಳ್ಳೆಯದು.

ಪ್ರಸಾರ ಆದ ಮೇಲೆ ದೂರು ಇದ್ದರೆ ಮೊದಲು ಚಾನೆಲ್‌ನ ದೂರು ಅಧಿಕಾರಿಗೆ ಬರೆಯಬೇಕು. ಮನರಂಜನಾ ಚಾನೆಲ್‌ಗಳ ದೂರು ನೋಡಲು 2011ರಿಂದ ಬಿಸಿಸಿಸಿ ಅಂತ ಒಂದು ಮಂಡಳಿಯೂ ಇದೆ. ಆದರೆ ಪ್ರಸಾರ ಆದ ಮೇಲಿನ ದೂರಿಗಿಂತ ಸಹಿ ಹಾಕುವ ಮುಂಚಿನ ಒಂದು ಇಮೇಲ್ ನೂರು ಪಾಲು ಲೇಸು.

ಏಳನೇ ಕ್ಲಾಸ್ ಟೀಚರ್

ಶಾಲೆ ಕಡೆಯಿಂದ ಒಂದು ಮಾತು ಸೇರಿಸುತ್ತೇನೆ.

2008ರಲ್ಲಿ ಬಂಗಾಳಿ ಚಾನೆಲ್ ಒಂದರ ನೃತ್ಯ ಕಾರ್ಯಕ್ರಮದಲ್ಲಿ ಭಾಗವಹಿಸಿದ್ದ 16 ವರ್ಷದ ಹುಡುಗಿಗೆ ಮಾತೇ ನಿಂತುಹೋಗಿ, ನಮ್ಮ ನಿಮ್ಹಾನ್ಸ್‌ಗೆ ಕರೆತಂದಿದ್ದರು. ಜಡ್ಜ್‌ಗಳು ಬೈದಿದ್ದರಿಂದ ಹೀಗಾಯಿತು ಅಂತ ತಂದೆತಾಯಿ ಹೇಳಿದರು, ಬೇರೆ ಕಾರಣದ ಮಾತೂ ಬಂತು. ಅದೇನೇ ಇರಲಿ, ಮಕ್ಕಳನ್ನು ವೇದಿಕೆ ಮೇಲೆ ಹೇಗೆ ನಡೆಸಿಕೊಳ್ಳುತ್ತೇವೆ ಅಂತ ದೇಶದಲ್ಲಿ ಚರ್ಚೆ ಶುರುವಾಗಿದ್ದು ಆಗ.

ನಮ್ಮ ಶಾಲೆಯಲ್ಲೇ ಒಬ್ಬ ಹುಡುಗ ಇದ್ದ. ಒಂದು ಕಾರ್ಯಕ್ರಮದಲ್ಲಿ ಎರಡೇ ವಾರ ಇದ್ದು ಹೊರಗೆ ಬಂದ. ಅಲ್ಲಿ ನಗಿಸಲು ಅವನಿಗೆ ಒಂದು ಅಡ್ಡಹೆಸರು ಇಟ್ಟಿದ್ದರು. ಎರಡು ವಾರದ ಕಾರ್ಯಕ್ರಮ ಎಲ್ಲರೂ ಮರೆತರು, ಆ ಹೆಸರು ಮಾತ್ರ ಎಸ್‌ಎಸ್‌ಎಲ್‌ಸಿ ತನಕ ಉಳಿಯಿತು. ಹಾಜರಿ ಕರೆಯುವಾಗ ಹಿಂದಿನ ಬೆಂಚಿನಿಂದ ಅದೇ ಹೆಸರು ಕೇಳಿಬರುತ್ತಿತ್ತು. ಹಾಡು ಬಿಟ್ಟುಬಿಟ್ಟ.

ಅದಕ್ಕೇ ಹೇಳುತ್ತೇನೆ, ಮಗುವಿಗೆ ಏನಾದರೂ ಹೆಸರು ಇಟ್ಟು ಕರೆಯಲು ಹೊರಟರೆ ಅಲ್ಲೇ ಬೇಡ ಅನ್ನಿ. ಪ್ರೋಮೋ ಬಂದ ಮೇಲೆ ಯೂಟ್ಯೂಬ್ ಕೆಳಗಿನ ಕಾಮೆಂಟ್‌ಗಳನ್ನು ಅವಳಿಗೆ ಓದಲು ಕೊಡಬೇಡಿ. ಒಳ್ಳೆಯವನ್ನು ನೀವೇ ಓದಿ ಹೇಳಿ. ಜೊತೆಗೆ ಸೋತು ಬಂದ ದಿನ ಮನೆಯಲ್ಲಿ ಏನು ಅಡುಗೆ ಅಂತ ಈಗಲೇ ಅವಳ ಜೊತೆ ಕೂತು ಮಾತಾಡಿ. ಸೋತರೂ ಪಾಯಸ ಇದೆ ಅಂತ ಮಗುವಿಗೆ ಮುಂಚೆಯೇ ಗೊತ್ತಿರಬೇಕು.

ಎಡಿಟಿಂಗ್ ಟೇಬಲ್

ಟೀಚರ್ ಹೇಳಿದ್ದು ನೂರಕ್ಕೆ ನೂರು ನಿಜ. ಇಟ್ಟ ಹೆಸರು ಹೋಗುವುದೇ ಇಲ್ಲ.

ಇನ್ನೊಂದು ನೆನಪಾಯಿತು. 'ವೀಕೆಂಡ್ ವಿತ್ ರಮೇಶ್' ಎಲ್ಲರೂ ನೋಡಿದ್ದೀರಿ. 2014ರ ಆಗಸ್ಟ್‌ನಲ್ಲಿ ಪುನೀತ್ ಅವರಿಂದ ಶುರುವಾಯಿತು. ಅಲ್ಲೂ ಜನ ಅಳುತ್ತಾರೆ. ಹಳೇ ಮೇಷ್ಟ್ರು ಬಂದರೆ ಎಂಥವರಿಗೂ ಗಂಟಲು ಕಟ್ಟುತ್ತೆ. ಆದರೆ ಆ ಕೆಂಪು ಸೀಟಿನಲ್ಲಿ ಕೂತವರು ಗೆದ್ದು ಬಂದವರು. ಅವರ ಕಷ್ಟ ಮುಗಿದ ಕಷ್ಟ. ಅವರಿಗೆ ಮ್ಯಾನೇಜರ್ ಇರುತ್ತಾರೆ, ಯಾವುದು ಬೇಡ ಅಂತ ಹೇಳುವ ಬಾಯಿ ಇರುತ್ತೆ. ನಿಮ್ಮ ಪುಟ್ಟಿಯ ಕಷ್ಟ ಇನ್ನೂ ಮನೆಯಲ್ಲೇ ಇದೆ. ಅವಳಿಗೆ ಮ್ಯಾನೇಜರ್ ಅಂದರೆ ನೀವು. ಸುಮ್ನೆ ಕೂರಬೇಡಿ ಅಕ್ಕ.

ಅರಸೀಕೆರೆ ಚಿಕ್ಕಮ್ಮ

ಎಲ್ಲರಿಗೂ ಕೈಮುಗಿಯುತ್ತೇನೆ. 11 ದಿನ ಆದ ಮೇಲೆ ಬರೆಯುತ್ತಿದ್ದೇನೆ.

ವಕೀಲರ ಕಟ್ಟೆಯವರು ಹೇಳಿದ ಹಾಗೆ ಒಂದು ಕಾಗದ ಬರೆದೆವು. ಕನ್ನಡದಲ್ಲೇ. ಸೌದೆ ಒಲೆ ತೋರಿಸಬಾರದು, ಯಂತ್ರ ಇರುವ ಹಾಗೇ ತೋರಿಸಬೇಕು, ಅಪ್ಪನ ಫೋಟೋ ಮುಂದೆ ಅತ್ತಿದ್ದನ್ನು ಎಲ್ಲೂ ಬಳಸಬಾರದು, ಅಡ್ಡಹೆಸರು ಇಡಬಾರದು, ಊರಲ್ಲಿ ಹಾಡಲು ಅಡ್ಡಿ ಇರಬಾರದು, ಡಿಸಿ ಅನುಮತಿಯ ಪ್ರತಿ ನಮಗೆ ಬೇಕು. ಅಕ್ಕ ಸಹಿ ಹಾಕುವಾಗ ಕೈ ನಡುಗುತ್ತಿತ್ತು. ಎರಡು ದಿನ ಫೋನೇ ಬರಲಿಲ್ಲ. ಅಕ್ಕ ನನ್ನ ಮೇಲೆ ಸ್ವಲ್ಪ ಸಿಟ್ಟೂ ಮಾಡಿಕೊಂಡಳು.

ಮೂರನೇ ದಿನ ಹಿರಿಯರೊಬ್ಬರು ಮಾತಾಡಿದರು. ಅನುಮತಿಯ ಪ್ರತಿ ಕೊಡುತ್ತೇವೆ ಅಂದರು. ಊರಲ್ಲಿ ಹಾಡಬಹುದು, ಅದನ್ನು ಒಪ್ಪಂದದಲ್ಲಿ ಸೇರಿಸುತ್ತೇವೆ ಅಂದರು. ಅಡ್ಡಹೆಸರಿನದೂ ಒಪ್ಪಿದರು. ಅಪ್ಪ ಇಲ್ಲ ಅನ್ನುವುದನ್ನು ಹೇಳದೆ ಆಗುವುದಿಲ್ಲ, ಆದರೆ ಅತ್ತಿದ್ದನ್ನು ಹಾಕುವುದಿಲ್ಲ ಅಂದರು. ಇದನ್ನು ಬರೆದು ಕೊಡಿ ಅಂದೆ. ಇಮೇಲ್ ಬಂದಿದೆ. ಒಲೆ, ಯಂತ್ರದ ಬಗ್ಗೆ ಮತ್ತೆ ಬಂದು ಶೂಟ್ ಮಾಡಲು ಸಮಯ ಇಲ್ಲ, ಮನೆ ಒಳಗಿನ ದೃಶ್ಯ ಕಡಿಮೆ ಮಾಡುತ್ತೇವೆ ಅಂದರು. ಪೂರ್ತಿ ಸಮಾಧಾನ ಇಲ್ಲ. ಆದರೂ ಕಳಿಸುತ್ತಿದ್ದೇವೆ.

ಪುಟ್ಟಿಗೆ ಎಲ್ಲವನ್ನೂ ಕೂರಿಸಿಕೊಂಡು ಹೇಳಿದೆ. ಅಳು ಬಂದರೆ ಅಳು, ಬರದಿದ್ದರೆ ಬೇಡ, ಯಾರಿಗೂ ಬೇಜಾರಾಗಲ್ಲ ಅಂದೆ. ಅವಳು ತಲೆ ಆಡಿಸಿ, "ಅಮ್ಮ ಹೊಲಿದ ಲಂಗನೇ ಹಾಕಿಕೊಳ್ಳಬಹುದಾ, ಅವರು ಬೇರೆ ಬಟ್ಟೆ ಕೊಡುತ್ತಾರಾ?" ಅಂತ ಕೇಳಿದಳು. ಅದನ್ನು ಕೇಳುವುದು ನಮಗೆ ಮರೆತೇ ಹೋಗಿತ್ತು. ಈಗ ಅದಕ್ಕೂ ಒಂದು ಇಮೇಲ್ ಬರೆದು ಇಲ್ಲಿಗೆ ಬಂದೆ.

ಸವಣೂರು ಎಲೆ

ಲಂಗದ ಉತ್ತರ ಏನು ಬಂತು ಅಂತ ತಪ್ಪದೆ ತಿಳಿಸಿ ಅಕ್ಕಾರ. ಯಾವ ವಾರ ಬರುತ್ತೆ ಅಂತಲೂ ಹೇಳಿ. ನಮ್ಮ ಓಣಿಯವರೆಲ್ಲ ಕೂತು ನೋಡುತ್ತೇವೆ.